ಹೊಣೆ ನಿಲ್ಲುವವರು ಯಾರು?

ಖೂನಿಯ ಆಪಾದನೆ ಹೊತ್ತು ತುರಂಗಕ್ಕೆ ಹೋದವನೊಬ್ಬ ಕೆಲವು ತಿಂಗಳ ತರುವಾಯ ಊರಿನಲ್ಲಿ ಬಸ್ಸಿಳಿದರೆ, ಚಿಕ್ಕೋಡಿಯಾಗಲಿ ಅಥಣಿಯಾಗಲಿ, ಚಹದಂಗಡಿಯಲ್ಲಿ ಏಳುವ ಮಾತು ಒಂದೇ: "ಬಿಟ್ಟೇ ಬಿಟ್ಟರೇನು?" ಬಿಟ್ಟಿಲ್ಲ. ಜಾಮೀನೆಂದರೆ ಖುಲಾಸೆಯಲ್ಲ, ಕರೆದಾಗ ಬರುವೆನೆಂಬ ವಚನ, ಆ ವಚನಕ್ಕೆ ಇನ್ನೊಬ್ಬನ ಹೊಣೆ. ಸತ್ತವನ ಮನೆಯೂ ಅದೇ ಓಣಿಯಲ್ಲಿರುವಾಗ ಈ ಭೇದವನ್ನು ತಿಳಿಸಿ ಹೇಳುವುದು ಸುಲಭವಲ್ಲ.

‘ಜಾಮೀನು’ ಅರಬ್ಬಿ ಮೂಲದ ಮಾತು. ನಮ್ಮ ಹಳೆಯ ಮಾತು ‘ಹೊಣೆ’. ಸಂಸ್ಕೃತದಲ್ಲಿ ‘ಪ್ರತಿಭೂ’, ಎಂದರೆ ಇನ್ನೊಬ್ಬನ ಬದಲಿಗೆ ನಿಲ್ಲುವವನು. ಚಾಲುಕ್ಯ ಆರನೆಯ ವಿಕ್ರಮಾದಿತ್ಯನ (1076–1126) ಕಾಲದಲ್ಲಿ ಕಲ್ಯಾಣದಲ್ಲಿದ್ದ ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ ಬರೆದ ಮಿತಾಕ್ಷರಾ ವ್ಯಾಖ್ಯಾನದಲ್ಲಿ ಈ ವಿಚಾರವಿದೆ. ಹೊಣೆಗಾರರು ಮೂರು ಬಗೆ: ಕರೆದಾಗ ತಂದು ಒಪ್ಪಿಸುವವನು, ನಂಬುಗೆಗೆ ನಿಲ್ಲುವವನು, ಹಣ ತೆರುವವನು. ವ್ಯಾಜ್ಯದಲ್ಲಿ ವಾದಿ ಪ್ರತಿವಾದಿ ಇಬ್ಬರಿಂದಲೂ ಹೊಣೆ ತೆಗೆದುಕೊಳ್ಳಬೇಕು. ಹೊಣೆಗಾರ ದೊರೆಯದವನನ್ನು ಕಾವಲಿನಲ್ಲಿಡಬೇಕು. ಸಂಜೆಗೆ ಕಾವಲುಗಾರನ ಕೂಲಿಯನ್ನೂ ಅವನೇ ಕೊಡಬೇಕು! ಬಡವನ ಪಾಡು ಅಂದೂ ಹಗುರವಾಗಿರಲಿಲ್ಲ. ಪಾಲಾಗದ ಅಣ್ಣತಮ್ಮಂದಿರು ಒಬ್ಬರಿಗೊಬ್ಬರು ಹೊಣೆಯಾಗುವಂತಿಲ್ಲ ಎಂಬ ನಿಯಮವೂ ಅಲ್ಲಿದೆ. ಆಸ್ತಿ ಒಂದೇ ಆದಮೇಲೆ ಯಾರಿಗೆ ಯಾರು ಹೊಣೆ?

ಇಂಗ್ಲಿಷರ ಕಾಲದಲ್ಲಿ 1898ರ ದಂಡಪ್ರಕ್ರಿಯಾ ಸಂಹಿತೆ ಬಂದಿತು. ಗಲ್ಲು ಅಥವಾ ಕರಿನೀರಿನ ಶಿಕ್ಷೆಗೆ ತಕ್ಕ ಅಪರಾಧವನ್ನು ಮಾಡಿದನೆಂದು ನಂಬಲು ಕಾರಣವಿದ್ದರೆ ಮ್ಯಾಜಿಸ್ಟ್ರೇಟರು ಜಾಮೀನು ಕೊಡಬಾರದೆಂಬ ಕಟ್ಟು ಅದರ 497ನೆಯ ಕಲಮಿನಲ್ಲಿ ನೆಲೆಗೊಂಡಿತು. ಹೆಂಗಸರು, ಎಳೆಯರು, ರೋಗಿಗಳು ಅದಕ್ಕೆ ಅಪವಾದ. ಸೆಶನ್ಸ್ ಕೋರ್ಟಿಗೂ ಹೈಕೋರ್ಟಿಗೂ ಮಾತ್ರ ವಿಶಾಲ ಅಧಿಕಾರ. 1973ರ ಸಂಹಿತೆಯಲ್ಲಿ ಅಂಕೆಗಳು ಬದಲಾದವು; 2024ರ ಜುಲೈ 1ರಿಂದ ಜಾರಿಯಾದ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಅವು 480 ಮತ್ತು 483ನೆಯ ಕಲಮುಗಳಾಗಿವೆ. ತಿರುಳು ಬಹುಮಟ್ಟಿಗೆ ಅದೇ.

ಆ ಹೈಕೋರ್ಟಾದರೂ ಎಲ್ಲಿ? ರಾಯಬಾಗವು ಕೊಲ್ಹಾಪುರ ಸಂಸ್ಥಾನದಲ್ಲಿತ್ತು. ಸಂಸ್ಥಾನವು 1949ರಲ್ಲಿ ಮುಂಬಯಿ ಪ್ರಾಂತದಲ್ಲಿ ವಿಲೀನವಾಯಿತು. ಚಿಕ್ಕೋಡಿ ಅಥಣಿಗಳ ಅರ್ಜಿ ಮೊದಲಿನಿಂದಲೂ ಮುಂಬಯಿಗೇ. 1956ರ ನವೆಂಬರ್ 1ರ ತರುವಾಯ ಬೆಂಗಳೂರಿಗೆ, ಐನೂರು ಕಿಲೋಮೀಟರಿಗೂ ಮಿಗಿಲಾದ ದಾರಿ. 2008ರಲ್ಲಿ ಧಾರವಾಡದಲ್ಲಿ ಸಂಚಾರಿ ಪೀಠ ಕುಳಿತು, 2013ರಲ್ಲಿ ಅದು ಕಾಯಮ್ಮಾದ ಮೇಲೆ ರಾತ್ರಿಯ ಪ್ರಯಾಣ ತಪ್ಪಿತು.

ನ್ಯಾಯಾಧೀಶರು ತೂಗುವುದೇನನ್ನು? ಮೇಲುನೋಟಕ್ಕೆ ಸಾಕ್ಷ್ಯವಿದೆಯೇ, ಶಿಕ್ಷೆ ಎಷ್ಟು ಕಠೋರ, ಆರೋಪಿ ಓಡಿಹೋದಾನೇ, ಸಾಕ್ಷಿಗಳನ್ನು ಬೆದರಿಸಿಯಾನೇ, ಮತ್ತೆ ಅಂಥದೇ ಕೃತ್ಯಕ್ಕಿಳಿದಾನೇ. 2010ರಲ್ಲಿ ಪ್ರಶಾಂತಕುಮಾರ ಸರಕಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇವನ್ನೆಲ್ಲ ಒಂದೆಡೆ ಹೇಳಿತು. ತಪ್ಪಿತಸ್ಥನೋ ಅಲ್ಲವೋ ಎಂಬುದನ್ನು ಈ ಹಂತದಲ್ಲಿ ತೀರ್ಮಾನಿಸುವುದಿಲ್ಲ. ಖೂನಿ ಖಟ್ಲೆಯಲ್ಲಿ ಪೊಲೀಸರು 90 ದಿನಗಳೊಳಗೆ ದೋಷಾರೋಪ ಪಟ್ಟಿ ಸಲ್ಲಿಸದಿದ್ದರೆ ಮಾತ್ರ, ತೂಗುವ ಮಾತೇ ಇಲ್ಲ. ಜಾಮೀನು ಕೊಡಲು ಸಿದ್ಧನಿರುವವನಿಗೆ ಬಿಡುಗಡೆ ಹಕ್ಕಾಗುತ್ತದೆ.

ಇವುಗಳಲ್ಲಿ ಸಾಕ್ಷಿಗಳ ಪ್ರಶ್ನೆಯೇ ತೂಕದ್ದೆಂದು ನನ್ನೆಣಿಕೆ. 2016ರಲ್ಲಿ ಧಾರವಾಡದಲ್ಲಿ ನಡೆದ ಯೋಗೀಶಗೌಡರ ಕೊಲೆಯ ಮೊಕದ್ದಮೆಯಲ್ಲಿ ಆರೋಪಿಯಾದ ಮಾಜಿ ಸಚಿವರೊಬ್ಬರಿಗೆ 2021ರಲ್ಲಿ ಸುಪ್ರೀಂ ಕೋರ್ಟು, ಧಾರವಾಡಕ್ಕೆ ಕಾಲಿಡಬಾರದೆಂಬ ಷರತ್ತಿನ ಮೇಲೆ, ಜಾಮೀನು ಕೊಟ್ಟಿತ್ತು. ಸಾಕ್ಷಿಗಳನ್ನು ಸಂಪರ್ಕಿಸುವ ಯತ್ನ ನಡೆದಿದೆಯೆಂದು ಕಂಡು 2025ರ ಜೂನಿನಲ್ಲಿ ಅದನ್ನು ರದ್ದುಪಡಿಸಿತು.

ಅರ್ಜಿ ಮಂಜೂರಾದರೂ ಬಡವನಿಗೆ ಬಾಗಿಲು ತೆರೆಯುವುದಿಲ್ಲ. ಹೊಣೆಗಾರ ಬೇಕು, ಅವನ ಹೊಲದ ಉತಾರ ಬೇಕು. ನಮ್ಮ ಸೀಮೆಯ ತೊಡಕು ಇಲ್ಲಿದೆ. ನಿಪ್ಪಾಣಿಯವನ ಸೋದರಮಾವ ಕಾಗಲದಲ್ಲಿ, ಕಾಗವಾಡದವನ ಬೀಗರು ಮಿರಜಿನಲ್ಲಿ. ನೆಂಟಸ್ತಿಕೆಗೆ ಗಡಿಯಿಲ್ಲ, ಉತಾರಕ್ಕಿದೆ. 1978ರಲ್ಲಿ ಮಧ್ಯಪ್ರದೇಶದ ಮೋತಿರಾಮನೆಂಬ ಬಡ ಗೌಂಡಿಯ ಪ್ರಕರಣ ಸುಪ್ರೀಂ ಕೋರ್ಟಿಗೆ ಬಂದಿತು. ಅದು ಖೂನಿಯದಲ್ಲ, ಆದರೆ ಪ್ರಶ್ನೆ ಇದೇ. ಮ್ಯಾಜಿಸ್ಟ್ರೇಟರು 10,000 ರೂಪಾಯಿಯ ಜಾಮೀನು ಕೇಳಿದ್ದರು. ಅಣ್ಣತಮ್ಮನೊಬ್ಬ ಹೊಣೆ ನಿಲ್ಲಲು ಬಂದರೆ, ಅವನ ಆಸ್ತಿ ಬೇರೆ ಜಿಲ್ಲೆಯಲ್ಲಿದೆಯೆಂದು ಒಪ್ಪಲಿಲ್ಲ. ಪಾಲಾಗದವನೆಂದಿದ್ದರೆ ವಿಜ್ಞಾನೇಶ್ವರನಾದರೂ ತಲೆದೂಗಬಹುದಿತ್ತು! ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಅವರು, ದೂರದ ಊರಿನಲ್ಲಿ ಸೆರೆಯಾದ ಕನ್ನಡಿಗನೋ ತಮಿಳನೋ ಅಲ್ಲಿ ಆಸ್ತಿವಂತ ಹೊಣೆಗಾರನನ್ನು ಎಲ್ಲಿಂದ ತಂದಾನೆಂದು ಕೇಳಿ, ಜಿಲ್ಲೆ ಬೇರೆಯೆಂಬ ಕಾರಣಕ್ಕೆ ಹೊಣೆಯನ್ನು ತಳ್ಳಬಾರದೆಂದರು. ಮೋತಿರಾಮನು 1,000 ರೂಪಾಯಿಯ ಸ್ವಂತ ಮುಚ್ಚಳಿಕೆಯ ಮೇಲೆ ಹೊರಗೆ ಬಂದ.