ನಂಬದವರು ಉಳಿಸಿದ ಕಥೆಗಳು

ಡಬ್ಲಿನ್ನಿನ ಟ್ರಿನಿಟಿ ಕಾಲೇಜಿನ ಗ್ರಂಥಭಂಡಾರದಲ್ಲಿ ‘ಲೆನ್‌ಸ್ಟರ್ ಪುಸ್ತಕ’ ಎಂಬ ಹನ್ನೆರಡನೆಯ ಶತಮಾನದ ಹಸ್ತಪ್ರತಿಯಿದೆ. ಹದಮಾಡಿದ ತೊಗಲಿನ ಮೇಲೆ ಬರೆದದ್ದು. ಹಳೆಯ ಐರ್ಲೆಂಡಿನ ಅತಿ ದೊಡ್ಡ ವೀರಕಥೆ ‘ಟಾಯಿನ್ ಬೋ ಕೂಲಿ’ ಅದರಲ್ಲಿ ಮುಗಿಯುವ ಕಡೆ ಎರಡು ಒಕ್ಕಣೆಗಳಿವೆ. ಒಂದು ಐರಿಷ್ ಭಾಷೆಯಲ್ಲಿದೆ. ನಮ್ಮ ಕಾವ್ಯಗಳ ಫಲಶ್ರುತಿಯ ಹಾಗೆ, ಕಥೆಯನ್ನು ಇದ್ದಂತೆಯೇ ಬಾಯಿಪಾಠ ಮಾಡಿಕೊಂಡು ಬೇರೆ ರೂಪ ಕೊಡದವರನ್ನು ಅದು ಹರಸುತ್ತದೆ. ಅದರ ಬೆನ್ನಿಗೇ ಲ್ಯಾಟಿನ್ನಿನಲ್ಲಿ ಇನ್ನೊಂದು ಒಕ್ಕಣೆ. ಅಲ್ಲಿ ಬರೆದವನು ಕೈತೊಳೆದುಕೊಳ್ಳುತ್ತಾನೆ: ತಾನು ಇದನ್ನೆಲ್ಲ ನಂಬುವವನಲ್ಲ, ಇದರಲ್ಲಿ ಕೆಲವು ದೆವ್ವಗಳ ಮೋಸ, ಕೆಲವು ಕವಿಗಳ ಕಲ್ಪನೆ ಎಂದು.

ನಂಬಿಕೆಯಿಲ್ಲದಿದ್ದರೂ ಕೈಸೋಲುವಷ್ಟು ಉದ್ದದ ಕಥೆಯನ್ನು ಕೊನೆಯವರೆಗೂ ಬರೆದಿದ್ದಾನೆ. ಕೆಲ್ಟಿಕ್ ಪುರಾಣ ಎಂದು ಇವತ್ತು ನಾವು ಓದುತ್ತಿರುವುದು ಇಂಥವರ ಕೈಯಿಂದ ದಾಟಿ ಬಂದದ್ದು. ಮುಂದಿನ ಎಂಟುನೂರು ವರ್ಷಗಳಲ್ಲಿ ಈ ಕಥೆಗಳನ್ನು ಮುಟ್ಟಿದವರೆಲ್ಲ ಆ ಎರಡು ಒಕ್ಕಣೆಗಳ ನಡುವೆಯೇ ಓಡಾಡಿದ್ದಾರೆ ಅನ್ನಿಸುತ್ತದೆ. ಕೆಲವರಿಗೆ ಅದು ಅಕ್ಷರ ಕದಲಿಸಬಾರದ ಪಾಠ. ಕೆಲವರಿಗೆ ಕೈಗೆ ಬಂದಂತೆ ತಿದ್ದಿಕೊಳ್ಳಬಹುದಾದ ಕಟ್ಟುಕಥೆ.

ಕೆಲ್ಟಿಕ್ ಎಂಬುದು ಮುಖ್ಯವಾಗಿ ಭಾಷಾ ಕುಟುಂಬವೊಂದರ ಹೆಸರು. ಐರಿಷ್, ಸ್ಕಾಟಿಷ್ ಗೇಲಿಕ್, ವೆಲ್ಷ್, ಬ್ರೆಟನ್ ಅದರಲ್ಲಿ ಸೇರುತ್ತವೆ. ಇವು ಒಂದೇ ಬಳಗ ಎಂದು 1707ರಲ್ಲಿ ವೇಲ್ಸಿನ ಎಡ್ವರ್ಡ್ ಲೂಯಿಡ್ ಪದಗಳನ್ನು ಪಕ್ಕಪಕ್ಕ ಇಟ್ಟು ತೋರಿಸಿದ. ಇವತ್ತಿನ ಫ್ರಾನ್ಸಿನಲ್ಲಿದ್ದ ಗಾಲ್ ಜನರೂ ಇದೇ ಬಳಗದ ಮಾತಾಡುತ್ತಿದ್ದರು. ಅವರ ಪುರೋಹಿತರಾದ ಡ್ರುಯಿಡರು ತಮ್ಮ ವಿದ್ಯೆಯನ್ನು ಬರವಣಿಗೆಗೆ ಇಳಿಸುತ್ತಿರಲಿಲ್ಲ, ಬಾಯಿಪಾಠದಲ್ಲೇ ಕಲಿಸುತ್ತಿದ್ದರು ಎಂದು ಜೂಲಿಯಸ್ ಸೀಸರ್ ಬರೆದಿದ್ದಾನೆ. ರೋಮನರ ಕಾಲದಲ್ಲಿ ಆ ಬಾಯಿಗಳು ಮುಚ್ಚಿದ ಮೇಲೆ ಉಳಿದದ್ದು ಕಲ್ಲು, ಲೋಹ. 1891ರಲ್ಲಿ ಡೆನ್ಮಾರ್ಕಿನ ಗುಂಡೆಸ್ಟ್ರುಪ್ ಎಂಬಲ್ಲಿ ಜೌಗು ನೆಲದೊಳಗೆ ಬೆಳ್ಳಿಯ ದೊಡ್ಡ ಕಡಾಯಿಯೊಂದು ಸಿಕ್ಕಿತು. ಅದರ ಒಂದು ಫಲಕದಲ್ಲಿ ಜಿಂಕೆಯ ಕೊಂಬು ಹೊತ್ತ ದೇವರೊಬ್ಬ ಕಾಲು ಮಡಿಸಿ ಕೂತಿದ್ದಾನೆ. ಒಂದು ಕೈಯಲ್ಲಿ ಹಾವು, ಇನ್ನೊಂದರಲ್ಲಿ ಕೊರಳ ಬಳೆ. ಅವನನ್ನು ಬಲ್ಲ ಕಥೆ ಒಂದೂ ಉಳಿದಿಲ್ಲ.

ಕಥೆಗಳು ಉಳಿದದ್ದು ಐರ್ಲೆಂಡ್ ಮತ್ತು ವೇಲ್ಸಿನಲ್ಲಿ, ಅದೂ ಹೆಚ್ಚಾಗಿ ಕ್ರೈಸ್ತ ಮಠಗಳ ಆಶ್ರಯದಲ್ಲಿ. ಇದ್ದುದರಲ್ಲಿ ಹಳೆಯ ಐರಿಷ್ ಸಂಪುಟಕ್ಕೆ ‘ಕಂದು ಹಸುವಿನ ಪುಸ್ತಕ’ ಎಂದು ಹೆಸರು. ಸಂತ ಕೀರನ್ ಸಾಕಿದ್ದ ಹಸುವಿನ ತೊಗಲು ಅದು ಎಂಬ ನಂಬಿಕೆ. ಅದನ್ನು ಬರೆದವರಲ್ಲಿ ಒಬ್ಬನಾದ ಮ್ಯಾಲ್ ಮುರೆ 1106ರಲ್ಲಿ ಕ್ಲಾನ್‌ಮ್ಯಾಕ್‌ನಾಯ್ಸ್ ಮಠದೊಳಗೇ ದರೋಡೆಕೋರರ ಕೈಯಲ್ಲಿ ಸತ್ತ. ಅವನ ಪುಸ್ತಕದ 67 ಹಾಳೆಗಳು ಉಳಿದಿವೆ.

ಈ ಹಸ್ತಪ್ರತಿಗಳು ಉಳಿಸಿದ ಕಥೆಯಾದರೂ ಏನು? ‘ಟಾಯಿನ್’ ಎಂದರೆ ದನ ಹೊಡೆದೊಯ್ಯುವುದು. ಕನ್ನಡದಲ್ಲಿ ಇದಕ್ಕೆ ಪದ ಹುಡುಕುವ ಕಷ್ಟವೇ ಇಲ್ಲ. ಊರೂರ ವೀರಗಲ್ಲುಗಳು ಹೇಳುವ ‘ತುರುಗೋಳ್’ ಅದೇ. ‘ಬೋ’ ಎಂದರೆ ಹಸು. ಸಂಸ್ಕೃತದ ‘ಗೋ’ ಮತ್ತು ಅದು ಒಂದೇ ಬೇರಿನ ಮಾತುಗಳು. ಕೊನ್ನಾಕ್ಟ್‌ನ ರಾಣಿ ಮೇವ್ ಮತ್ತು ಅವಳ ಗಂಡ ಅಲಿಲ್ ಒಂದು ರಾತ್ರಿ ಹಾಸಿಗೆಯಲ್ಲಿ ಮಲಗಿ, ಇಬ್ಬರಲ್ಲಿ ಯಾರ ಆಸ್ತಿ ಹೆಚ್ಚು ಎಂದು ವಾದಕ್ಕೆ ಬೀಳುತ್ತಾರೆ. ಬಕೆಟ್ಟು, ಕೊಳಗದಿಂದ ಹಿಡಿದು ಉಂಗುರ, ಕುರಿ, ಕುದುರೆ, ಹಂದಿ ಎಲ್ಲವನ್ನೂ ತರಿಸಿ ಎದುರು ಬದುರು ಇಡಿಸುತ್ತಾರೆ. ಎಲ್ಲ ಸರಿಸಮ. ಅಲಿಲ್‌ನ ಹಿಂಡಿನಲ್ಲಿ ಬಿಳಿಕೊಂಬಿನ ಹೋರಿಯೊಂದು ಮಾತ್ರ ಹೆಚ್ಚು. ಅದು ಹುಟ್ಟಿದ್ದು ಮೇವ್‌ಳ ಕೊಟ್ಟಿಗೆಯಲ್ಲೇ. ಹೆಣ್ಣಿನ ಸೊತ್ತಾಗಿ ಇರಲೊಲ್ಲದೆ ಅವನ ಹಿಂಡಿಗೆ ನಡೆದುಬಿಟ್ಟಿದೆ. ಅದಕ್ಕೆ ಸಾಟಿಯಾದ ಕಂದು ಹೋರಿ ಇರುವುದು ಅಲ್ಸ್ಟರ್ ಸೀಮೆಯ ಕೂಲಿಯಲ್ಲಿ. ಮೇವ್ ದಂಡು ಕಟ್ಟುತ್ತಾಳೆ.

ಅಲ್ಸ್ಟರಿನ ಗಂಡಸರು ಆ ಹೊತ್ತಿಗೆ ನೋವಿನಿಂದ ನೆಲ ಹಿಡಿದಿರುತ್ತಾರೆ. ಹಿಂದೊಮ್ಮೆ ಮಾಹ ಎಂಬ ತುಂಬು ಬಸುರಿಯನ್ನು ಅವರು ರಾಜನ ಕುದುರೆಗಳ ಎದುರು ಓಡಿಸಿದ್ದರು. ಅವಳು ಗೆದ್ದಳು, ಓಟದ ಕೊನೆಯಲ್ಲೇ ಅವಳಿ ಹೆತ್ತಳು. ನಿಮಗೆ ಆಪತ್ತು ಬಂದಾಗಲೆಲ್ಲ ಈ ಹೆರಿಗೆ ನೋವು ನಿಮ್ಮನ್ನು ಹಿಡಿಯಲಿ, ಒಂಬತ್ತು ತಲೆಮಾರು ಬಿಡದಿರಲಿ ಎಂದು ಶಪಿಸಿದಳು. ಶಾಪ ತಟ್ಟದೆ ಉಳಿದವನು ಹದಿನೇಳರ ಹುಡುಗ ಕೂ ಹುಲಿನ್ ಒಬ್ಬನೇ. ಹಾದಿಯ ಕಡವುಗಳಲ್ಲಿ ನಿಂತು, ದಿನಕ್ಕೊಬ್ಬನಂತೆ ಮೇವ್‌ಳ ವೀರರನ್ನು ಎದುರಿಸುತ್ತಾನೆ.

ಈ ಜಗತ್ತಿನೊಳಕ್ಕೆ ನನ್ನನ್ನು ಎಳೆದದ್ದು ಹೋರಿಯೂ ಅಲ್ಲ, ಯುದ್ಧವೂ ಅಲ್ಲ, ಫರ್‌ಡಿಯನ ಪ್ರಸಂಗ. ಅವನು ಕೂ ಹುಲಿನ್‌ನ ಜೊತೆಗೇ ವಿದ್ಯೆ ಕಲಿತ ಒಡನಾಡಿ. ಮೇವ್ ಅವನನ್ನು ಹಂಗಿಸಿ, ಆಸೆ ತೋರಿಸಿ ಕಡವಿಗೆ ಕಳಿಸುತ್ತಾಳೆ. ಹಗಲೆಲ್ಲ ಇಬ್ಬರೂ ಹೊಡೆದಾಡುತ್ತಾರೆ. ಸಂಜೆ ಆಯುಧ ಕೆಳಗಿಟ್ಟು ತಬ್ಬಿಕೊಳ್ಳುತ್ತಾರೆ. ಕೂ ಹುಲಿನ್ ತನ್ನ ಗಾಯಕ್ಕೆ ಬಂದ ಸೊಪ್ಪು ಬೇರುಗಳಲ್ಲಿ ಅರ್ಧವನ್ನು ಹೊಳೆಯಾಚೆ ಕಳಿಸುತ್ತಾನೆ. ಫರ್‌ಡಿಯ ತನಗೆ ಬಂದ ಊಟದಲ್ಲಿ ಅರ್ಧವನ್ನು ಈಚೆ ಕಳಿಸುತ್ತಾನೆ. ಇಬ್ಬರ ಕುದುರೆಗಳೂ ಒಂದೇ ಆವರಣದಲ್ಲಿ, ಸಾರಥಿಗಳು ಒಂದೇ ಬೆಂಕಿಯ ಬಳಿ. ಮೂರನೆಯ ಸಂಜೆ ಮಾತ್ರ ಏನನ್ನೂ ಕಳಿಸಿಕೊಳ್ಳುವುದಿಲ್ಲ. ನಾಳೆ ಒಬ್ಬ ಉಳಿಯುವುದಿಲ್ಲ ಎಂಬುದನ್ನು ಕಥೆ ಬಾಯಿಬಿಟ್ಟು ಹೇಳದೆ, ಕುದುರೆಗಳನ್ನು ಬೇರೆ ಬೇರೆ ಕಟ್ಟಿಸಿ ಹೇಳುತ್ತದೆ.

ವೇಲ್ಸಿನ ಕಥೆಗಳ ಬನಿಯೇ ಬೇರೆ. ಅವು ಹದಿನಾಲ್ಕನೆಯ ಶತಮಾನದ ‘ಬಿಳಿ ಪುಸ್ತಕ’ದಲ್ಲಿ, ಅದಕ್ಕಿಂತ ಸ್ವಲ್ಪ ಈಚಿನ ‘ಕೆಂಪು ಪುಸ್ತಕ’ದಲ್ಲಿ ಉಳಿದಿವೆ. ಅವಕ್ಕೆ ‘ಮ್ಯಾಬಿನೋಗಿಯನ್’ ಎಂಬ ಹೆಸರು ಜನಜನಿತವಾದದ್ದು ಲೇಡಿ ಶಾರ್ಲಟ್ ಗೆಸ್ಟ್ ಅವರಿಂದ. ಕಬ್ಬಿಣದ ಕಾರ್ಖಾನೆಯ ಒಡೆಯನನ್ನು ಮದುವೆಯಾಗಿ ವೇಲ್ಸಿಗೆ ಬಂದ ಇಂಗ್ಲಿಷ್ ಹೆಣ್ಣುಮಗಳು ಆಕೆ. ವೆಲ್ಷ್ ಕಲಿತು, ಹತ್ತು ಮಕ್ಕಳನ್ನು ಹೆತ್ತು ಸಾಕುವ ನಡುವೆಯೇ 1838ರಿಂದ ಅನುವಾದವನ್ನು ಕಂತುಕಂತಾಗಿ ಹೊರತಂದರು. 1849ರಲ್ಲಿ ಅದು ಮೂರು ಸಂಪುಟಗಳಲ್ಲಿ ಬಂತು.

ಗೆಸ್ಟ್ ಅವರಿಗಿಂತ ಮೊದಲೇ ಯುರೋಪು ಕೆಲ್ಟರ ಹೆಸರಿಗೆ ಮನಸೋತಿತ್ತು, ಆದರೆ ಅದು ಮನಸೋತದ್ದು ಅರ್ಧ ಕಲ್ಪಿತ ವಸ್ತುವಿಗೆ. ಸ್ಕಾಟ್ಲೆಂಡಿನ ಜೇಮ್ಸ್ ಮ್ಯಾಕ್‌ಫರ್ಸನ್ 1760ರಿಂದ ಆಸಿಯನ್ ಎಂಬ ಪ್ರಾಚೀನ ಕವಿಯ ಕಾವ್ಯಗಳನ್ನು ಗೇಲಿಕ್‌ನಿಂದ ಅನುವಾದಿಸಿದ್ದೇನೆಂದು ಪ್ರಕಟಿಸಿದ. ಗಯಟೆ ತನ್ನ ‘ವೆರ್ಥರ್’ ಕಾದಂಬರಿಯೊಳಗೆ ಅದನ್ನು ತಂದ, ನೆಪೋಲಿಯನ್ ಮೆಚ್ಚಿ ಓದಿದ. ಸ್ಯಾಮ್ಯುಯಲ್ ಜಾನ್ಸನ್ ಮೂಲ ಪ್ರತಿ ತೋರಿಸು ಎಂದು ಪಟ್ಟುಹಿಡಿದ. ಬಾಯಲ್ಲಿದ್ದ ನಿಜವಾದ ಲಾವಣಿಗಳ ತುಣುಕುಗಳು ಅದರಲ್ಲಿದ್ದವು. ಉಳಿದ ಹೆಚ್ಚಿನ ಭಾಗ ಮ್ಯಾಕ್‌ಫರ್ಸನ್‌ನ ಸ್ವಂತ ರಚನೆ. ವೇಲ್ಸಿನ ಅಯೊಲೊ ಮೊರ್ಗಾನುಗ್ 1792ರಲ್ಲಿ ಲಂಡನ್ನಿನ ಪ್ರಿಮ್‌ರೋಸ್ ಗುಡ್ಡದ ಮೇಲೆ ತಾನೇ ಕಟ್ಟಿದ ‘ಡ್ರುಯಿಡ್’ ಸಮಾರಂಭ ನಡೆಸಿದ. ಅದು ಇವತ್ತಿಗೂ ವೇಲ್ಸಿನ ರಾಷ್ಟ್ರೀಯ ಸಾಹಿತ್ಯೋತ್ಸವದ ಅಂಗ. ಇವರನ್ನು ಮೋಸಗಾರರೆಂದು ತಳ್ಳಿಬಿಡಲು ನನಗೆ ಮನಸ್ಸು ಬರುವುದಿಲ್ಲ. ಆದರೆ ಮಂಜು ಕವಿದ ಬೆಟ್ಟ, ಮುಖ ಬಾಡಿದ ವೀರ, ಕೊನೆಯಿಲ್ಲದ ನಿಟ್ಟುಸಿರು ಎಂಬ ಚಿತ್ರ ಯುರೋಪಿನ ಮನಸ್ಸಿನಲ್ಲಿ ಅಂಟಿಕೊಂಡದ್ದು ಅವರ ಕಾಲದಲ್ಲೇ. ಹಾಸಿಗೆಯಲ್ಲಿ ಬಕೆಟ್ಟು ಎಣಿಸುವ ಮೇವ್‌ಗೆ ಆ ಮಂಜಿನಲ್ಲಿ ಜಾಗವಿರಲಿಲ್ಲ.

ಮಂಜು ಸರಿಸಿದವರು ವ್ಯಾಕರಣದವರು. 1853ರಲ್ಲಿ ಜರ್ಮನಿಯ ಯೋಹಾನ್ ಕಾಸ್ಪರ್ ತ್ಸಾಯ್ಸ್ ಕೆಲ್ಟಿಕ್ ಭಾಷೆಗಳ ವ್ಯಾಕರಣ ಪ್ರಕಟಿಸಿದ ಮೇಲೆ ಹಳೆಯ ಐರಿಷನ್ನು ಅನುಮಾನವಿಲ್ಲದೆ ಓದುವ ದಾರಿಯಾಯಿತು. ಆ ದಾರಿ ಭಾರತಕ್ಕೂ ಬಂತು. 1862ರಲ್ಲಿ ಇಲ್ಲಿಗೆ ಬಂದ ಡಬ್ಲಿನ್ನಿನ ವಿಟ್ಲಿ ಸ್ಟೋಕ್ಸ್ 1877ರಿಂದ 1882ರವರೆಗೆ ವೈಸರಾಯ್ ಮಂಡಲಿಯ ಕಾನೂನು ಸದಸ್ಯ. ಇವತ್ತಿಗೂ ನಮ್ಮ ನ್ಯಾಯಾಲಯಗಳಲ್ಲಿ ನಡೆಯುವ ಸ್ವತ್ತು ವರ್ಗಾವಣೆ ಕಾಯಿದೆ 1882ರದ್ದು, ಆತ ಆ ಹುದ್ದೆಯಲ್ಲಿದ್ದ ಕಾಲದ್ದು. ಕಚೇರಿ ಮುಗಿಸಿ ಆತ ಮಾಡುತ್ತಿದ್ದದ್ದು ಹಳೆಯ ಐರಿಷ್ ಗ್ರಂಥಗಳ ಸಂಪಾದನೆ. ಅವುಗಳಲ್ಲಿ ಕೆಲವು ಕಲ್ಕತ್ತೆಯಲ್ಲಿ, ಶಿಮ್ಲಾದಲ್ಲಿ ಅಚ್ಚಾದವು.

ಪಂಡಿತರು ಬಿಡಿಸಿದ ಕಥೆಯನ್ನು ಓದುಗರ ಮಡಿಲಿಗೆ ಹಾಕಿದವರು ಲೇಡಿ ಗ್ರೆಗರಿ. 1902ರ ಅವರ ‘ಮುರ್ತೆವ್ನೆಯ ಕೂಹುಲಿನ್’ ತಮ್ಮ ಊರು ಕಿಲ್ಟಾರ್ಟನ್ನಿನ ಸುತ್ತಲಿನ ರೈತಾಪಿ ಜನ ಆಡುವ ಇಂಗ್ಲಿಷಿನ ಲಯದಲ್ಲಿದೆ. ಅಷ್ಟು ಪ್ರೀತಿಯಿಂದ ಹೇಳಿದರೂ ಮೈಯ ಮಾತುಗಳನ್ನು, ಒರಟು ಹಾಸ್ಯವನ್ನು ಅವರು ಬಿಟ್ಟುಬಿಟ್ಟರು. ಅವರ ಗೆಳೆಯ, ಕವಿ ಯೇಟ್ಸ್ ಕೂ ಹುಲಿನ್‌ನನ್ನು ನಾಟಕದಿಂದ ನಾಟಕಕ್ಕೆ ಬೆಳೆಸುತ್ತ ಹೋದರು.

ಐರಿಷ್ ಕಥೆಗಳ ಈ ಪುನರುಜ್ಜೀವನದ ಒಂದು ಎಳೆ ಮೈಸೂರಿನವರೆಗೆ ಬಂದಿದೆ. 1924ರಲ್ಲಿ ಕುವೆಂಪು ತಮ್ಮ ಇಂಗ್ಲಿಷ್ ಕವಿತೆಗಳನ್ನು ತೋರಿಸಿದಾಗ, ನಿಮ್ಮ ಭಾಷೆಯಲ್ಲಿ ಬರೆಯಿರಿ ಎಂದು ಹೇಳಿದ ಜೇಮ್ಸ್ ಕಸಿನ್ಸ್ ಹೆಸರು ಕನ್ನಡಿಗರಿಗೆಲ್ಲ ಗೊತ್ತು. ಅದೇ ಕಸಿನ್ಸ್ ಡಬ್ಲಿನ್ನಿನಲ್ಲಿ ಯೇಟ್ಸ್ ಬಳಗದ ಒಡನಾಟದಲ್ಲಿದ್ದವರು, ಬೇರೊಂದು ಲೋಕದ ಹೆಣ್ಣಿನ ಕರೆಗೆ ಮನೆ ಬಿಟ್ಟು ಹೊರಟ ರಾಜಕುಮಾರ ಕೊನ್ಲನ ಐರಿಷ್ ಕಥೆಯನ್ನು 1902ರಲ್ಲಿ ನಾಟಕ ಮಾಡಿದವರು ಎಂಬುದು ಅಷ್ಟಾಗಿ ನೆನಪಾಗುವುದಿಲ್ಲ. ತನ್ನ ಜನ ಕಳೆದುಕೊಂಡ ಭಾಷೆಯ ಕಥೆಗಳನ್ನು ಇಂಗ್ಲಿಷಿನಲ್ಲಿ ಬರೆಯಬೇಕಾಗಿದ್ದ ಕವಿಯ ಬಾಯಲ್ಲಿ ಆ ಮಾತಿನ ತೂಕವೇ ಬೇರೆ.

ರಾಜಕೀಯವೂ ಈ ಕಥೆಗಳನ್ನು ಬಿಡಲಿಲ್ಲ. ತನ್ನನ್ನು ತಾನೇ ಕಲ್ಲಿನ ಕಂಬಕ್ಕೆ ಕಟ್ಟಿಕೊಂಡು ನಿಂತೇ ಸಾಯುವ ಕೂ ಹುಲಿನ್‌ನ ಕಂಚಿನ ಪ್ರತಿಮೆಯನ್ನು ಆಲಿವರ್ ಶೆಪರ್ಡ್ ಮಾಡಿದ್ದ. ಬ್ರಿಟಿಷರ ವಿರುದ್ಧದ 1916ರ ದಂಗೆಯ ಸ್ಮಾರಕವಾಗಿ 1935ರಲ್ಲಿ ಅದು ಡಬ್ಲಿನ್ನಿನ ಪ್ರಧಾನ ಅಂಚೆ ಕಚೇರಿ ಸೇರಿತು. ಮುಂದೆ ಬೆಲ್‌ಫಾಸ್ಟಿನಲ್ಲಿ ಬ್ರಿಟನ್ನಿನ ಪರವಾಗಿದ್ದವರೂ ಅಲ್ಸ್ಟರಿನ ಕಾವಲುಗಾರನೆಂದು ಅವನನ್ನೇ ಗೋಡೆಗಳ ಮೇಲೆ ಬರೆಸಿದರು.

ಅದೇ 1935ರಲ್ಲಿ ಐರಿಷ್ ಜಾನಪದ ಆಯೋಗ ಹುಟ್ಟಿತು. ನನ್ನ ಮಟ್ಟಿಗೆ ಈ ಕ್ಷೇತ್ರದ ಅತ್ಯಂತ ದೊಡ್ಡ ಕೆಲಸ ಇದು. 1937ರಿಂದ 1939ರವರೆಗೆ ಸುಮಾರು 5,000 ಶಾಲೆಗಳ 50,000 ಮಕ್ಕಳು ಮನೆಯ ಹಿರಿಯರಿಂದ ಕೇಳಿದ್ದನ್ನು ನೋಟ್ ಪುಸ್ತಕಗಳಲ್ಲಿ ಬರೆದು ತಂದರು. ಇದರ ಹಿಂದಿದ್ದ ಜೇಮ್ಸ್ ಡೆಲಾರ್ಗಿ ಎಳೆಯ ವಯಸ್ಸಿನಲ್ಲಿ ಕೆರಿ ಕೌಂಟಿಯ ಕಡಲಂಚಿನ ಹಳ್ಳಿಯೊಂದರಲ್ಲಿ ಶಾನ್ ಓ ಕೊನಲ್ ಎಂಬ ರೈತ ಮೀನುಗಾರನ ಎದುರು ಕೂತು ಕಥೆ ಬರೆದುಕೊಂಡವರು. ಆ ಮುದುಕನಿಗೆ ಓದು ಬರಹ ಬರುತ್ತಿರಲಿಲ್ಲ. ಐರಿಷ್ ತಿಳಿದ ಕೇಳುಗರು ಕಡಿಮೆಯಾಗುತ್ತಿದ್ದರು. ಹೇಳದೆ ಬಿಟ್ಟರೆ ಮರೆತುಹೋದೀತೆಂಬ ಭಯಕ್ಕೆ ಆತ ಸಂತೆಯಿಂದ ಹಿಂತಿರುಗುವಾಗ, ಏರುಹಾದಿಯಲ್ಲಿ ಗಾಡಿಯ ಹಿಂದೆ ನಡೆಯುತ್ತ, ಗಾಡಿಯ ಬೆನ್ನಿಗೇ ಗಟ್ಟಿಯಾಗಿ ಕಥೆ ಹೇಳುತ್ತಿದ್ದ. ಲೆನ್‌ಸ್ಟರ್ ಪುಸ್ತಕದ ಮೊದಲ ಒಕ್ಕಣೆ ಹರಸಿದ್ದು ಇಂಥವನನ್ನೇ.

ವಿದ್ವಾಂಸರ ನಡುವೆ ಮಾತ್ರ ಜಗಳ ಬಗೆಹರಿಯಲಿಲ್ಲ. 1964ರಲ್ಲಿ ಕೆನೆತ್ ಜಾಕ್ಸನ್ ಅಲ್ಸ್ಟರಿನ ಕಥೆಗಳು ಕಬ್ಬಿಣ ಯುಗದ ಕಡೆಗೆ ತೆರೆದ ಕಿಟಕಿ ಎಂದರು. 1990ರಲ್ಲಿ ಕಿಮ್ ಮೆಕೋನ್ ಆ ಕಿಟಕಿಗೆ ಹಾಕಿದ ಗಾಜು ಸಂಪೂರ್ಣ ಮಠದ್ದು, ಬೈಬಲ್ ಬಲ್ಲ ಪಂಡಿತರದ್ದು ಎಂದು ವಾದಿಸಿದರು. ಮಾಹಳ ಹೆಸರಿನ ಅಲ್ಸ್ಟರ್ ರಾಜಧಾನಿ ಇದ್ದ ಅರ್ಮಾ ಬಳಿಯ ನ್ಯಾವನ್ ದಿಬ್ಬವನ್ನು ಅಗೆದಾಗ ಕ್ರಿಸ್ತಪೂರ್ವ 95ರ ಸುಮಾರಿನ ಭಾರಿ ಮರದ ಕಟ್ಟಡದ ಗುರುತು ಸಿಕ್ಕಿತು. ಕಟ್ಟಿದವರೇ ಅದರೊಳಗೆ ಕಲ್ಲು ತುಂಬಿ, ಬೆಂಕಿ ಕೊಟ್ಟು, ಮೇಲೆ ಮಣ್ಣು ಮುಚ್ಚಿದ್ದರು. ಅದೇ ದಿಬ್ಬದಲ್ಲಿ ಉತ್ತರ ಆಫ್ರಿಕದ ಕೋತಿಯೊಂದರ ತಲೆಬುರುಡೆಯೂ ಸಿಕ್ಕಿತು. ಇದಾವುದರ ಸುದ್ದಿಯೂ ಕಥೆಗಳಲ್ಲಿಲ್ಲ.

ಹೆಚ್ಚು ಹಿಂದಕ್ಕೆ ನೋಡಿದವರಲ್ಲಿ ಮೈಲ್ಸ್ ಡಿಲನ್ ಒಬ್ಬರು. ಕೆಲ್ಟರು ಮತ್ತು ಆರ್ಯರನ್ನು ಹೋಲಿಸಿದ ಅವರ ಪುಸ್ತಕ 1975ರಲ್ಲಿ ಶಿಮ್ಲಾದ ಉನ್ನತ ಅಧ್ಯಯನ ಸಂಸ್ಥೆಯಿಂದಲೇ ಬಂತು. ಉದಾಹರಣೆಗೆ, ಹಳೆಯ ಐರಿಷ್ ಕಾನೂನಿನಲ್ಲಿ ಬಾಕಿ ಕೊಡದ ದೊಡ್ಡವನ ಬಾಗಿಲಲ್ಲಿ ಸಾಲ ಕೊಟ್ಟವನು ಉಪವಾಸ ಕೂರಬಹುದಿತ್ತು. ಅದನ್ನು ಲೆಕ್ಕಿಸದವನ ಮಾನ ಹೋಗುತ್ತಿತ್ತು. ಧರಣಿ ಎಂಬ ಮಾತನ್ನು ದಿನಾ ಪತ್ರಿಕೆಯಲ್ಲಿ ಓದುವ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಹಾಗಿದ್ದರೆ ಇವತ್ತಿನ ಓದುಗನನ್ನು ಹಿಡಿಯುವುದು ಯಾವುದು? ಟೋಲ್ಕಿನ್ ತನ್ನ ಎಲ್ಫ್ ಜನರ ಒಂದು ಭಾಷೆಗೆ ವೆಲ್ಷ್‌ನ ನಾದ ಕೊಟ್ಟ. ಅಮೆರಿಕದ ಲಾಯ್ಡ್ ಅಲೆಕ್ಸಾಂಡರ್ 1964ರಿಂದ ವೆಲ್ಷ್ ಕಥೆಗಳ ಬಲದ ಮೇಲೆ ಮಕ್ಕಳಿಗಾಗಿ ‘ಪ್ರಿಡೇನ್’ ಕಾದಂಬರಿಮಾಲೆ ಕಟ್ಟಿದ. ಅಲ್ಲಿಂದ ಹರಿದ ಫ್ಯಾಂಟಸಿಯ ಹೊಳೆ ಈಗ ತುಂಬ ಅಗಲ. ಆದರೆ ಆಳ ನನಗೆ ಕಾಣುವುದು ಅಲನ್ ಗಾರ್ನರ್‌ನ 1967ರ ‘ದಿ ಔಲ್ ಸರ್ವಿಸ್’ನಲ್ಲಿ. ಅದರ ಬೇರು ಮ್ಯಾಬಿನೋಗಿಯನ್ನಿನಲ್ಲಿದೆ. ಮನುಷ್ಯ ಕುಲದ ಹೆಂಡತಿ ಸಿಗದಂತೆ ಶಾಪವಿದ್ದ ವೀರನೊಬ್ಬನಿಗಾಗಿ ಮಾಂತ್ರಿಕರು ಓಕ್ ಮರದ ಮತ್ತು ಕಾಡುಗಿಡಗಳ ಹೂಗಳಿಂದ ಒಬ್ಬ ಹೆಣ್ಣನ್ನು ಮಾಡುತ್ತಾರೆ. ಅವಳು ಬೇರೊಬ್ಬನನ್ನು ಒಲಿದು ಗಂಡನನ್ನು ಕೊಲ್ಲಿಸಲು ಹೊರಡುತ್ತಾಳೆ. ಅವಳನ್ನು ಗೂಬೆ ಮಾಡಿ ಅಟ್ಟುತ್ತಾರೆ. ಅವಳಿಗೆ ಏನು ಬೇಕಿತ್ತು ಎಂದು ಮೂಲ ಕಥೆ ಕೇಳುವುದಿಲ್ಲ. ಗಾರ್ನರ್ ಅವಳನ್ನು ಅಟ್ಟದ ಮೇಲಿನ ಹಳೆಯ ಊಟದ ತಟ್ಟೆಗಳ ಚಿತ್ತಾರದಲ್ಲಿ ಅಡಗಿಸಿ, ವೇಲ್ಸಿನ ಒಂದು ಕಣಿವೆಗೆ ಬಂದ ಮೂವರು ಹದಿಹರೆಯದವರ ಮೇಲೆ ಬಿಡುತ್ತಾನೆ. ಅದೇ ಚಿತ್ತಾರ ಒಬ್ಬರಿಗೆ ಹೂವಾಗಿ ಕಾಣುತ್ತದೆ, ಒಬ್ಬರಿಗೆ ಗೂಬೆಯಾಗಿ. ಇದೇ ಈ ಕಥೆಗಳ ಸೆಳೆತ ಎಂದು ನನಗನ್ನಿಸುತ್ತದೆ. ಅವು ಕಾರಣ ಹೇಳದೆ ಮುಂದೆ ಹೋಗುತ್ತವೆ. ಬಿಟ್ಟುಹೋದ ಜಾಗದಲ್ಲಿ ನಮ್ಮ ಕಾಲದ ಪ್ರಶ್ನೆ ಬಂದು ಕೂರುತ್ತದೆ.

1969ರಲ್ಲಿ ಥಾಮಸ್ ಕಿನ್ಸೆಲ್ಲಾ ‘ಟಾಯಿನ್’ ಅನ್ನು ಮತ್ತೆ ಇಂಗ್ಲಿಷಿಗೆ ತಂದಾಗ ಗ್ರೆಗರಿ ಬಿಟ್ಟದ್ದನ್ನೆಲ್ಲ ಒಳಗೆ ಕರೆದರು: ಹೊಲಸು ಮಾತು, ರಕ್ತ, ನಗೆ, ಊರ ಹೆಸರುಗಳ ಉದ್ದುದ್ದ ಪಟ್ಟಿ. ಜೊತೆಗೆ ಲೂಯಿ ಲ ಬ್ರಾಕಿಯ ಕುಂಚದ ಕಪ್ಪು ಮಸಿ ಚಿತ್ರಗಳು. ಟಾಮ್ ಮೂರ್ ಅವರ 2014ರ ‘ಸಾಂಗ್ ಆಫ್ ದ ಸೀ’ ಚಲನಚಿತ್ರದಲ್ಲಿ ಮಾಹಳ ಹೆಸರು ಹೊತ್ತ ಗೂಬೆ ಮಾಟಗಾತಿಯನ್ನು ಜಗತ್ತಿನ ಮಕ್ಕಳು ನೋಡಿದರು.

ಊರ ಹೆಸರುಗಳು ಇನ್ನೂ ಅಲ್ಲೇ ಇವೆ. ಫರ್‌ಡಿಯನ ಕಡವು ಎಂಬ ಅರ್ಥದ ಐರಿಷ್ ಹೆಸರೇ ಸವೆದು ಆರ್ಡೀ ಆಗಿದೆ. ಲೌತ್ ಕೌಂಟಿಯಲ್ಲಿ ಡೀ ಎಂಬ ಸಣ್ಣ ನದಿಯ ದಂಡೆಯ ಪಟ್ಟಣ ಅದು. ನಾಲ್ಕನೆಯ ದಿನ ಫರ್‌ಡಿಯ ನೀರಿನಲ್ಲಿ ಬಿದ್ದಾಗ ಕೂ ಹುಲಿನ್ ಗೆದ್ದವನ ಹಾಗೆ ಕೂಗುವುದಿಲ್ಲ. ಹೆಣವನ್ನು ಆಯುಧ ಸಮೇತ ಎರಡೂ ತೋಳಲ್ಲಿ ಎತ್ತಿಕೊಂಡು, ಹೊಳೆ ದಾಟಿ, ತಾನು ಕಾಯುತ್ತಿದ್ದ ಉತ್ತರದ ದಂಡೆಯ ಮೇಲೆ ಮಲಗಿಸುತ್ತಾನೆ. ಸಾರಥಿ ಬೇಗ ಏಳು, ದಂಡು ಬರುತ್ತಿದೆ ಎನ್ನುತ್ತಾನೆ. ಅವನು ಏಳುವುದಿಲ್ಲ.