ಕಾಶಿಯ ಗಲಿಗಳಲ್ಲಿ ದಾರಿಯ ಹಕ್ಕು

ಕಾಶಿಯ ಪಕ್ಕಾ ಮಹಾಲಿನಲ್ಲಿ ನಡೆದಾಡಿದವರಿಗೆ ಬೀದಿ ಎಲ್ಲಿ ಮುಗಿಯಿತು, ಮನೆ ಎಲ್ಲಿ ಮೊದಲಾಯಿತು ಎಂದು ಹೇಳುವುದು ಕಷ್ಟ. ಗಂಗೆಯ ದಂಡೆಗೆ ಒತ್ತಿಕೊಂಡ ಈ ಹಳೆಯ ಮೊಹಲ್ಲಾಗಳಲ್ಲಿ ಗಲಿಯೊಂದು ಕಮಾನಿನಡಿ ನುಸುಳಿ, ಯಾರದೋ ಮಹಡಿಯ ಕೆಳಗೆ ಹಾದು, ಇನ್ನಾರದೋ ಜಗಲಿಯಂಚಿನಲ್ಲಿ ತಿರುಗಿ ಘಾಟಿನ ಮೆಟ್ಟಿಲಿಗೆ ಇಳಿಯುತ್ತದೆ. ಇಂಥ ಊರಿನಲ್ಲಿ ನೆಲ ಯಾರದೆಂಬ ಪ್ರಶ್ನೆಯಷ್ಟೇ ದೊಡ್ಡದು, ಆ ನೆಲದ ಮೇಲೆ ಹಾದುಹೋಗುವ ಹಕ್ಕು ಯಾರದೆಂಬ ಪ್ರಶ್ನೆ. ಇಲ್ಲಿನ ಟಂಕಸಾಲೆಯ ಅಧಿಕಾರಿಯಾಗಿದ್ದ ಜೇಮ್ಸ್ ಪ್ರಿನ್ಸೆಪ್ 1822ರಲ್ಲಿ ನಗರದ ನಕ್ಷೆ ಸಿದ್ಧಪಡಿಸಿದ. ಗಲಿ ಎಲ್ಲಿದೆ ಎಂಬುದನ್ನು ನಕ್ಷೆ ತೋರಿಸೀತು. ಅದರಲ್ಲಿ ಯಾರು ಯಾವ ಅಧಿಕಾರದಿಂದ ನಡೆಯುತ್ತಾರೆ ಎಂಬುದನ್ನು ತೋರಿಸದು.

ಪ್ರಶ್ನೆ ಬಹಳ ಹಳೆಯದು. ಮೈಸೂರಿನ ಆರ್. ಶಾಮಶಾಸ್ತ್ರಿಗಳು 1909ರಲ್ಲಿ ಬೆಳಕಿಗೆ ತಂದ ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ದಾರಿ ಕಟ್ಟಿದವರಿಗೆ ದಂಡದ ಪಟ್ಟಿಯೇ ಇದೆ. ಮನುಷ್ಯರ ಮತ್ತು ಸಣ್ಣ ಪಶುಗಳ ದಾರಿಗೆ ಅಡ್ಡಿ ಮಾಡಿದರೆ 12 ಪಣ, ದೊಡ್ಡ ಪಶುಗಳ ದಾರಿಗೆ 24, ಸ್ಮಶಾನದ ಅಥವಾ ಊರಿನ ದಾರಿಗೆ 200. ಮಣಿಕರ್ಣಿಕೆಯ ಕಡೆಗೆ ಗಲಿಗಳಲ್ಲಿ ಹೆಣ ಹೊತ್ತು ಸಾಗುವವರನ್ನು ಕಂಡವರಿಗೆ ಸ್ಮಶಾನದ ದಾರಿ ಅಷ್ಟೇಕೆ ತುಟ್ಟಿ ಎಂದು ವಿವರಿಸಬೇಕಿಲ್ಲ. ಚಾಲುಕ್ಯರ ಕಲ್ಯಾಣದಲ್ಲಿ ಕುಳಿತು ವಿಜ್ಞಾನೇಶ್ವರ ಬರೆದ ಮಿತಾಕ್ಷರಾದಲ್ಲಿಯೂ ಸೀಮಾವಿವಾದದ ಪ್ರಕರಣವುಂಟು. ಮುಂದೆ ಬ್ರಿಟಿಷ್ ನ್ಯಾಯಾಲಯಗಳು 'ಬನಾರಸ್ ಸಂಪ್ರದಾಯ' ಎಂದು ಕರೆದ ಹಿಂದೂ ಕಾನೂನಿಗೆ ಈ ಗ್ರಂಥವೇ ಆಧಾರವಾಯಿತು. ಆದರೆ ಅವು ಅದನ್ನು ದಾಯಭಾಗದಂಥ ವಿಷಯಗಳಿಗೆ ಬಳಸಿದವೇ ಹೊರತು ದಾರಿಯ ಜಗಳಕ್ಕಲ್ಲ.

ನೆರೆಹೊರೆಯ ವ್ಯಾಜ್ಯದಲ್ಲಿ ಕನ್ನಡನಾಡಿನ ನಂಟುಳ್ಳವರೂ ಇಲ್ಲಿ ಸಿಲುಕಿದ್ದಾರೆ. ಗೋದೌಲಿಯಾ ಬಳಿಯ ಜಂಗಮವಾಡಿ ಮಠದಲ್ಲಿ ಮೊಗಲ್ ಬಾದಶಹರ ಫರ್ಮಾನುಗಳು ಉಳಿದುಬಂದಿವೆ. ಔರಂಗಜೇಬನ ಕಾಲದ ಒಂದರಲ್ಲಿ, ತಮ್ಮ ಐದು ಹವೇಲಿಗಳನ್ನು ನಗರದ ನಿವಾಸಿಯೊಬ್ಬ ಬಲಾತ್ಕಾರದಿಂದ ಹಿಡಿದಿದ್ದಾನೆಂದು ಜಂಗಮರು ದೂರಿದ್ದಾರೆ. ದೂರು ನಿಜವಾದರೆ ಅವನನ್ನು ಆ ಮನೆಗಳೊಳಗೆ ಬಿಡಕೂಡದೆಂಬುದು ಅಪ್ಪಣೆ. ದಾರಿಯ ಹಕ್ಕಿಗೆ ಇದು ತೀರ ಹತ್ತಿರದ್ದಲ್ಲ. ಆದರೂ ಹೊಸ್ತಿಲು ದಾಟುವ ಅಧಿಕಾರಕ್ಕಾಗಿ ದೊರೆಯವರೆಗೆ ಹೋಗಬೇಕಾದ ಕಾಲವನ್ನು ಅದು ತೋರುತ್ತದೆ.

ಬರಹದ ಕಾನೂನು ಬಂದದ್ದು 1882ರಲ್ಲಿ. ಆ ವರ್ಷದ ಭಾರತೀಯ ಈಸ್‌ಮೆಂಟ್ ಕಾಯಿದೆ ಮೊದಲು ಜಾರಿಯಾದದ್ದು ಮದ್ರಾಸು, ಮಧ್ಯಪ್ರಾಂತ ಮತ್ತು ಕೊಡಗಿನಲ್ಲಿ. ಅಂದರೆ ಮಂಗಳೂರು, ಕಾಸರಗೋಡು, ಬಳ್ಳಾರಿಗಳು ಕಾಶಿಗಿಂತ ಮೊದಲೇ ಅದರಡಿ ಬಂದವು. 1891ರ 8ನೆಯ ಕಾಯಿದೆ ಅದನ್ನು ಮುಂಬಯಿ ಪ್ರಾಂತಕ್ಕೂ ವಾಯವ್ಯ ಪ್ರಾಂತಗಳಿಗೂ ಔಧಕ್ಕೂ ವಿಸ್ತರಿಸಿತು. ಧಾರವಾಡಕ್ಕೂ ವಾರಾಣಸಿಗೂ ಒಂದೇ ಬರಹದಿಂದ ಒಂದೇ ಕಾನೂನು! ನಮ್ಮ ಹಳ್ಳಿಯ 'ಮಾಮೂಲು ದಾರಿ'ಯೂ ಕಾಶಿಯ 'ರಾಸ್ತಾ'ವೂ ಅಂದಿನಿಂದ ಒಂದೇ ತಕ್ಕಡಿಯಲ್ಲಿ ತೂಗಿಸಿಕೊಂಡಿವೆ.

ಆ ತಕ್ಕಡಿಯ ಸ್ವಭಾವ ವಿಚಿತ್ರ. ನೆರೆಯವನ ನೆಲದಲ್ಲಿ 20 ವರ್ಷ ಬಹಿರಂಗವಾಗಿ, ಜಗಳವಿಲ್ಲದೆ, ತಡೆಯಿಲ್ಲದೆ, ಹಕ್ಕೆಂಬಂತೆ ನಡೆದವನಿಗೆ ಹಕ್ಕು ಸಿದ್ಧಿಸುತ್ತದೆ. ಅಪ್ಪಣೆ ಪಡೆದು ನಡೆದವನಿಗೆ ನೂರು ವರ್ಷವಾದರೂ ಸಿದ್ಧಿಸದು. ಸಂಕೋಚದಿಂದ ಕೇಳಿಕೊಂಡು ಅಂಗಳ ದಾಟಿದ ಸಜ್ಜನ ಸೋಲುತ್ತಾನೆ. ಕೇಳದೆಯೇ ನಡೆದವನು ಗೆಲ್ಲುತ್ತಾನೆ. ಹೀಗಾಗಿ ನ್ಯಾಯಾಲಯದಲ್ಲಿ ಅಳೆಯಬೇಕಾದದ್ದು ಗಲಿಯ ಅಗಲವನ್ನಷ್ಟೇ ಅಲ್ಲ, ಸತ್ತುಹೋದ ಇಬ್ಬರು ಅಜ್ಜಂದಿರ ನಡುವಣ ಸ್ನೇಹವನ್ನು ಕೂಡ. ಒಬ್ಬರು 'ಹೋಗಿ ಬನ್ನಿ' ಎಂದಿದ್ದರೇ, ಅಥವಾ ಸುಮ್ಮನಿದ್ದರೇ? ಇದಕ್ಕೆ ಸಾಕ್ಷಿ ಮೊಹಲ್ಲಾದ ವೃದ್ಧರ ನೆನಪು ಮಾತ್ರ. ಸೌಜನ್ಯವನ್ನೇ ಹಕ್ಕಿನ ವೈರಿಯಾಗಿಸಿದ ಈ ನಿಯಮ ನನಗೆ ಎಂದೂ ಹಿಡಿಸಿಲ್ಲ.

ಪಾಲಿನ ಮನೆಗಳದು ಬೇರೆ ಕಥೆ. ಅಣ್ಣನ ಪಾಲಿಗೆ ಗಲಿಯತ್ತ ಬಾಗಿಲಿರುವ ಮುಂಭಾಗ, ತಮ್ಮನ ಪಾಲಿಗೆ ಹಿಂದಿನ ಅಂಗಳ ಬಂದಿತೆನ್ನಿ. ತಮ್ಮ ಹೊರಬರುವುದು ಎಲ್ಲಿಂದ? ಬೇರೆ ದಾರಿಯೇ ಇಲ್ಲದಾಗ 13ನೆಯ ಕಲಮು ಅಗತ್ಯದ ದಾರಿಯನ್ನು ಕೊಡುತ್ತದೆ. ತಮ್ಮ ಹಿಂದುಗಡೆ ಇನ್ನೊಂದು ಬಾಗಿಲು ಪಡೆದ ದಿನ, 41ನೆಯ ಕಲಮಿನಂತೆ, ಆ ಹಕ್ಕು ಅಳಿಯುತ್ತದೆ.

ಹಕ್ಕು ಅಳಿಯುವ ಇನ್ನೊಂದು ಬಗೆಯನ್ನು 46ನೆಯ ಕಲಮು ಹೇಳುತ್ತದೆ: ದಾರಿ ಬೇಡುವ ಆಸ್ತಿ, ದಾರಿ ಕೊಡುವ ಆಸ್ತಿ ಎರಡೂ ಪೂರ್ಣವಾಗಿ ಒಬ್ಬನ ಕೈಗೆ ಬಂದರೆ ಹಕ್ಕು ಇಲ್ಲವಾಗುತ್ತದೆ. ತನ್ನ ನೆಲದಲ್ಲಿ ತಾನು ನಡೆಯಲು ಯಾರ ಹಂಗು? ವಿಶ್ವನಾಥನ ಗುಡಿಯಿಂದ ಗಂಗೆಯವರೆಗಿನ ಕಾರಿಡಾರಿಗೆ 2019ರ ಮಾರ್ಚ್ 8ರಂದು ಶಂಕುಸ್ಥಾಪನೆಯಾಯಿತು. 2021ರ ಡಿಸೆಂಬರ್ 13ರಂದು ಮೊದಲ ಹಂತ ಉದ್ಘಾಟನೆಗೊಂಡಿತು. ಸರ್ಕಾರದ ಲೆಕ್ಕದಲ್ಲಿ ಅದಕ್ಕಾಗಿ ಕೊಂಡ ಆಸ್ತಿಗಳು ಮುನ್ನೂರಕ್ಕೂ ಹೆಚ್ಚು. ಲಾಹೋರಿ ಟೋಲಾದಂಥ ಮೊಹಲ್ಲಾಗಳ ಮನೆಗಳು ನೆಲಸಮವಾದವು. ಮನೆಗಳ ಗೋಡೆಗಳೊಳಗೆ ಅಡಗಿದ್ದ ಹಳೆಯ ಗುಡಿಗಳು ಹೊರಬಂದವು. ಮುಗ್ಗರಿಸದೆ ಗಂಗೆಗೆ ಇಳಿಯಬಲ್ಲ ವೃದ್ಧ ಯಾತ್ರಿಕರಿಗೆ ಇದು ದೊಡ್ಡ ಉಪಕಾರವೆಂಬುದನ್ನು ಅಲ್ಲಗಳೆಯಲಾರೆ. ಆದರೆ ಮುನ್ನೂರು ಮನೆಗಳ ನಡುವೆ ತಲೆಮಾರುಗಳಿಂದ ಹೆಣೆದುಕೊಂಡಿದ್ದ ದಾರಿ, ಕಿಟಕಿ, ಮೋರಿಗಳ ಹಕ್ಕುಗಳು, ಜಗಳಗಳು, ರಾಜಿಗಳು ಯಾವ ತೀರ್ಪೂ ಇಲ್ಲದೆ ಕ್ರಯಪತ್ರಗಳಲ್ಲಿ ಕರಗಿದವು. ಇವುಗಳ ಇತಿಹಾಸವನ್ನು ಮನೆಯವರ ಬಾಯಿಂದ ಬರೆದಿಡುವ ಕೆಲಸ ಖರೀದಿಯ ಜೊತೆಗೇ ನಡೆಯಬೇಕಿತ್ತು.

ಇದೇ ಯೋಜನೆಯ ನಡುವೆ, 2021ರ ಜುಲೈಯಲ್ಲಿ, ಜ್ಞಾನವಾಪಿ ಮಸೀದಿಯ ಸಮಿತಿ 1,700 ಚದರ ಅಡಿ ನೆಲ ಬಿಟ್ಟುಕೊಟ್ಟು, ಬದಲಿಗೆ ಬೇರೆಡೆ 1,000 ಚದರ ಅಡಿ ಪಡೆಯಿತು. ಎರಡೂ ಕಡೆಯ ವ್ಯಾಜ್ಯಗಳು ಆಗಲೂ ನ್ಯಾಯಾಲಯದಲ್ಲಿದ್ದವು. ಕಾರಿಡಾರಿನಾಚೆಯ ಬಂಗಾಲಿ ಟೋಲಾದ ಗಲಿಗಳಲ್ಲಿ ಮಾತ್ರ ಮನೆಗಳು ಬೇರೆ ಬೇರೆ ಒಡೆಯರವು. ಅಲ್ಲಿ 20 ವರ್ಷದ ಲೆಕ್ಕ ಇನ್ನೂ ನಡೆಯುತ್ತಿದೆ.