ಕನ್ನಡ ಚಲನಚಿತ್ರಗಳಲ್ಲಿ ಸ್ತ್ರೀಪಾತ್ರ

ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ (1934). ಸುಲೋಚನೆಯಾಗಿ ನಟಿಸಿದವರು ತ್ರಿಪುರಾಂಬ. ವೃತ್ತಿರಂಗಭೂಮಿಯ ಪೌರಾಣಿಕ ಕಥೆಗಳನ್ನೇ ನೆಚ್ಚಿಕೊಂಡಿದ್ದ ಆ ಕಾಲದ ಚಿತ್ರಗಳಲ್ಲಿ ಪಾತಿವ್ರತ್ಯವೇ ಹೆಣ್ಣಿನ ಹಿರಿಮೆ. ಸಾಮಾಜಿಕ ಚಿತ್ರಗಳು ಬಂದ ಮೇಲೂ ಗರತಿ, ಬಜಾರಿ ಎಂಬ ಎರಡು ಅಚ್ಚುಗಳು ಬಹುಕಾಲ ಉಳಿದವು.

ಈ ಅಚ್ಚು ಸಡಿಲಗೊಳ್ಳಲು ಮುಖ್ಯ ಕಾರಣ ಲೇಖಕಿಯರ ಕಾದಂಬರಿಗಳು. ತ್ರಿವೇಣಿಯವರ ಕಾದಂಬರಿ ಆಧರಿಸಿ ಪುಟ್ಟಣ್ಣ ಕಣಗಾಲ್ ನಿರ್ದೇಶಿಸಿದ ‘ಬೆಳ್ಳಿಮೋಡ’ (1967) ಚಿತ್ರದಲ್ಲಿ, ಆಸ್ತಿ ಕೈತಪ್ಪಿತೆಂದು ನಾಯಕಿ ಇಂದಿರಾ (ಕಲ್ಪನಾ) ಜೊತೆಗಿನ ಮದುವೆ ಮುರಿದುಕೊಂಡ ಮೋಹನ್ ಮುಂದೆ ಅಪಘಾತಕ್ಕೆ ಸಿಕ್ಕಿ ಅವಳಿಂದಲೇ ಆರೈಕೆ ಪಡೆಯುತ್ತಾನೆ. ಚೇತರಿಸಿಕೊಂಡು ಮದುವೆಯ ಮಾತೆತ್ತಿದಾಗ ಆಕೆ ಒಲ್ಲೆ ಎನ್ನುತ್ತಾಳೆ. ಸೇವೆ ಮಾಡಿದವಳು ಕೊನೆಗೆ ಕೈಹಿಡಿಯಲೇಬೇಕೆಂಬ ರೂಢಿ ಇಲ್ಲಿ ಮುರಿಯಿತು. ಎಂ.ಕೆ. ಇಂದಿರಾ ಅವರ ಕಾದಂಬರಿ ಆಧರಿಸಿದ ‘ಗೆಜ್ಜೆಪೂಜೆ’ (1969), ತ್ರಿವೇಣಿಯವರ ಕಾದಂಬರಿ ಆಧರಿಸಿದ ‘ಶರಪಂಜರ’ ಎಂಬ ಪುಟ್ಟಣ್ಣನವರ ಚಿತ್ರಗಳಲ್ಲೂ ಕಲ್ಪನಾ ಅವರೇ ನಾಯಕಿ. ಆಸ್ಪತ್ರೆಯಲ್ಲಿ ಗುಣಮುಖಳಾಗಿ ಮನೆಗೆ ಮರಳಿದ ಕಾವೇರಿಯನ್ನು ಸುತ್ತಲಿನವರು ಹುಚ್ಚಿ ಎಂದೇ ನೋಡುವುದು, ಗಂಡನ ಪರಸ್ತ್ರೀ ಸಂಬಂಧ ತಿಳಿದು ಆಕೆ ಮತ್ತೆ ಕುಸಿಯುವುದು ‘ಶರಪಂಜರ’ದ ತಿರುಳು. ಪುಟ್ಟಣ್ಣನವರ ನಾಯಕಿಯರು ಪ್ರಶ್ನಿಸುತ್ತಾರೆ, ಆದರೆ ಅದಕ್ಕೆ ದುಬಾರಿ ಬೆಲೆಯನ್ನೂ ತೆರುತ್ತಾರೆ.

ಎಂ.ಕೆ. ಇಂದಿರಾ ಅವರದೇ ಕಾದಂಬರಿ ‘ಫಣಿಯಮ್ಮ’ವನ್ನು 1983ರಲ್ಲಿ ತೆರೆಗೆ ತಂದವರು ಪ್ರೇಮಾ ಕಾರಂತ. ಬಾಲವಿಧವೆಯಾಗಿ ಬದುಕು ಸವೆಸಿದ ಫಣಿಯಮ್ಮ (ಎಲ್.ವಿ. ಶಾರದಾ), ತಲೆ ಬೋಳಿಸಿಕೊಳ್ಳಲು ಒಪ್ಪದ ಕಿರಿಯ ವಿಧವೆಯ ಪರ ನಿಲ್ಲುತ್ತಾಳೆ. ಘೋಷಣೆಯಿಲ್ಲ, ಕಣ್ಣೀರಿನ ಪ್ರವಾಹವೂ ಇಲ್ಲ.

ವಾಣಿಜ್ಯ ಚಿತ್ರಗಳ ದಾರಿ ಬೇರೆ. ಪರ್ವತವಾಣಿಯವರ ‘ಬಹದ್ದೂರ್ ಗಂಡ’ ನಾಟಕ ಆಧರಿಸಿದ ‘ನಂಜುಂಡಿ ಕಲ್ಯಾಣ’ (1989) ಸೊಕ್ಕಿನ ಹೆಣ್ಣನ್ನು ಗಂಡ ಪಳಗಿಸುವ ಕಥೆ. ಜನ ಮುಗಿಬಿದ್ದು ನೋಡಿದರು. ಅದರ ನಾಯಕಿ ಮಾಲಾಶ್ರೀ ಮುಂದೆ ಖಾಕಿ ತೊಟ್ಟು ಖಳರನ್ನು ಬಡಿಯುವ ಪಾತ್ರಗಳಲ್ಲೂ ಗೆದ್ದದ್ದು ತಮಾಷೆಯೇ ಸರಿ.

ಗಿರೀಶ್ ಕಾಸರವಳ್ಳಿ ಅವರು ಬಾನು ಮುಷ್ತಾಕ್ ಕಥೆಯಿಂದ ‘ಹಸೀನಾ’, ವೈದೇಹಿ ಕಥೆಯಿಂದ ‘ಗುಲಾಬಿ ಟಾಕೀಸ್’ ರೂಪಿಸಿ, ಬಡ ಮುಸ್ಲಿಂ ಹೆಣ್ಣುಮಕ್ಕಳ ಬಾಳನ್ನು ಕೇಂದ್ರಕ್ಕೆ ತಂದರು. ಈ ಚಿತ್ರಗಳಿಗಾಗಿ ತಾರಾ (2004) ಮತ್ತು ಉಮಾಶ್ರೀ (2008) ಅವರಿಗೆ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಸಂದಿತು. ವಿಧವೆಯ ದೇಹದ ಬಯಕೆಯನ್ನು ಅಪರಾಧವೆನ್ನದೆ ನೋಡಿದ ಮಂಸೋರೆ ನಿರ್ದೇಶನದ ‘ನಾತಿಚರಾಮಿ’ (2018) ಚಿತ್ರದ ಕಥೆಯೂ ಒಬ್ಬ ಲೇಖಕಿಯದೇ, ಎನ್. ಸಂಧ್ಯಾರಾಣಿ ಅವರದು.